ಮಲ್ಪೆಯ ಬೂತಾಯಿಗೆ ಪೆರುವಿನ ಲೆಕ್ಕ

ಕಳೆದ ಜುಲೈ ತಿಂಗಳ ಒಂದು ಬೆಳಿಗ್ಗೆ, ಮಳೆ ಸ್ವಲ್ಪ ಹೊಳವಾದ ಹೊತ್ತಿನಲ್ಲಿ, ಉಡುಪಿಯ ಮೀನು ಮಾರುಕಟ್ಟೆಗೆ ಹೋಗಿದ್ದೆ. ಯಾಂತ್ರಿಕ ದೋಣಿಗಳಿಗೆ ಜೂನ್ 1ರಿಂದ ಜುಲೈ 31ರವರೆಗೆ ಕಡಲಿಗಿಳಿಯಲು ನಿಷೇಧವಿರುವುದರಿಂದ ಆ ದಿನಗಳಲ್ಲಿ ನಾಡದೋಣಿಯವರು ತಂದ ಮೀನೇ ಗತಿ. ಒಂದು ಬುಟ್ಟಿಯಲ್ಲಿ ಬೂತಾಯಿ, ಅಂದರೆ ಇಂಗ್ಲಿಷಿನವರ ಸಾರ್ಡೀನ್, ಇತ್ತು. ಕಿಲೋಗೆ 260 ರೂಪಾಯಿ ಎಂದರು. ಕೊಂಡು ಮನೆಗೆ ತಂದು ಮಗಳ ಶಾಲೆಯ ಸ್ಕೇಲನ್ನು ಪಕ್ಕದಲ್ಲಿಟ್ಟು ಅಳೆದರೆ ಹೆಚ್ಚಿನವು 11 ಸೆಂಟಿಮೀಟರ್. 13 ದಾಟಿದ್ದು ಒಂದೂ ಇರಲಿಲ್ಲ. ಹೊಟ್ಟೆ ಸೀಳಿದಾಗ ಬೆರಳಿಗೆ ಅಂಟುತ್ತಿದ್ದ ಆ ಹಳದಿ ನೆಯ್ಯೂ ಕಾಣಲಿಲ್ಲ. ಅಮ್ಮ ಒಂದನ್ನು ಕೈಯಲ್ಲಿ ಹಿಡಿದು ನೋಡಿ, "ಇದು ಬೂತಾಯಿಯ ಮಕ್ಕಳು" ಎಂದರು.

ಮಳೆಗಾಲದ ಬೆಲೆಯನ್ನು ಮುಂದಿಟ್ಟು ವಾದ ಮಾಡುವುದು ನ್ಯಾಯವಲ್ಲ ಎಂಬುದು ನನಗೆ ಗೊತ್ತಿದೆ. ಮೀನು ಕಡಿಮೆಯಿದ್ದಾಗ ಬೆಲೆ ಏರುವುದು ಎಂದಿನಿಂದಲೂ ಇದ್ದದ್ದೇ. ಆದರೆ ಬೂತಾಯಿ ಎಂದರೆ ಕರಾವಳಿಯಲ್ಲಿ ಬರಿಯ ಮೀನಲ್ಲ. ಅಂಜಲ್, ಮಾಂಜಿ ತಿನ್ನಲಾಗದ ಮನೆಗಳಲ್ಲಿ ಗಂಜಿಯ ಜೊತೆಗೆ ದಿನವೂ ಇದ್ದದ್ದು ಅದೇ. ನನ್ನ ಬಾಲ್ಯದಲ್ಲಿ ಬುಟ್ಟಿ ಹೊತ್ತು ಮನೆಬಾಗಿಲಿಗೆ ಬರುತ್ತಿದ್ದ ಮೊಗವೀರ ಹೆಂಗಸು ಬೂತಾಯಿಯನ್ನು ತೂಗುತ್ತಿರಲಿಲ್ಲ, ಒಂಜಿ, ರಡ್ಡ್, ಮೂಜಿ ಎಂದು ಎಣಿಸಿ ಹಾಕಿ, ಲೆಕ್ಕ ಮುಗಿದ ಮೇಲೆ ಕೊಸರೆಂದು ಇನ್ನೂ ನಾಲ್ಕೈದು ಎಸೆಯುತ್ತಿದ್ದರು. ಅಷ್ಟು ಅಗ್ಗದ, ಅಷ್ಟು ಧಾರಾಳದ ಆಹಾರ ಅದಾಗಿತ್ತು.

ನಾನು ಕಾಲೇಜಿನಲ್ಲಿ ಅರ್ಥಶಾಸ್ತ್ರ ಕಲಿಸುತ್ತೇನೆ. ಜಾಗತಿಕ ಆರ್ಥಿಕತೆ, ಹವಾಮಾನ ಬದಲಾವಣೆ, ಆರೋಗ್ಯ, ತಂತ್ರಜ್ಞಾನ ಎಂದು ಪಠ್ಯದಲ್ಲಿ ಬೇರೆ ಬೇರೆ ಅಧ್ಯಾಯಗಳಲ್ಲಿ ಬರುವ ಸಂಗತಿಗಳು ನಮ್ಮೂರಿನಲ್ಲಿ ಎಲ್ಲಿ ಒಟ್ಟಿಗೆ ಸೇರುತ್ತವೆ ಎಂದು ಯಾರಾದರೂ ಕೇಳಿದರೆ, ನಾನು ಬೂತಾಯಿಯ ಬುಟ್ಟಿಯನ್ನೇ ತೋರಿಸುತ್ತೇನೆ.

ಮೊದಲು ಕಡಲಿನ ವಿಷಯ. ನೈಋತ್ಯ ಮುಂಗಾರಿನ ಗಾಳಿ ಬೀಸುವ ತಿಂಗಳುಗಳಲ್ಲಿ ಕೇರಳದಿಂದ ನಮ್ಮ ಕರಾವಳಿಯವರೆಗೆ ದಡದ ಮೇಲ್ನೀರು ಹೊರಕ್ಕೆ ಸರಿದು, ಅದರ ಜಾಗಕ್ಕೆ ಆಳದ ತಣ್ಣನೆಯ ನೀರು ಮೇಲಕ್ಕೆ ಬರುತ್ತದೆ. ಆ ನೀರಿನಲ್ಲಿ ತಳದ ಸಾರವೆಲ್ಲ ಇರುತ್ತದೆ. ಬಿಸಿಲು ಕಂಡ ಕೂಡಲೇ ಅದರಲ್ಲಿ ಕಣ್ಣಿಗೆ ಕಾಣದಷ್ಟು ಸಣ್ಣ ಸಸ್ಯಪ್ಲವಕಗಳು ಹುಲುಸಾಗಿ ಬೆಳೆಯುತ್ತವೆ. ಬೂತಾಯಿ ಬದುಕುವುದು ಮುಖ್ಯವಾಗಿ ಇದನ್ನು ಸೋಸಿ ತಿಂದು. ಮಳೆಗಾಲದಲ್ಲಿ ಮೊಟ್ಟೆಯಿಟ್ಟು, ಮಳೆ ನಿಂತ ಮೇಲೆ ದಡದ ಹತ್ತಿರ ಗುಂಪುಗುಂಪಾಗಿ ಬಂದು, ಅಕ್ಟೋಬರ್ ನವೆಂಬರ್ ಹೊತ್ತಿಗೆ ಮೈತುಂಬ ಕೊಬ್ಬು ಕಟ್ಟಿಕೊಳ್ಳುತ್ತದೆ. ನಾಡದೋಣಿಯವರು ಮಳೆಗಾಲದಲ್ಲಿ "ತೂಫಾನ್ ಆಗಬೇಕು, ಆಮೇಲೆಯೇ ಮೀನು" ಎಂದು ಕಾಯುತ್ತಾರಲ್ಲ, ಆ ಮಾತಿನಲ್ಲಿ ಎಷ್ಟೋ ತಲೆಮಾರುಗಳ ತಿಳಿವಳಿಕೆಯಿದೆ. ಕಡಲು ಒಮ್ಮೆ ಕಲಕಬೇಕು.

ಈಗ ಆ ಕಲಕುವಿಕೆಗೇ ಅಡ್ಡಿಯಾಗುತ್ತಿದೆ. ಭೂಮಿಯಲ್ಲಿ ಹೆಚ್ಚುವರಿಯಾಗಿ ಉಳಿದುಕೊಳ್ಳುತ್ತಿರುವ ಶಾಖದಲ್ಲಿ ಶೇ. 90ಕ್ಕಿಂತ ಹೆಚ್ಚಿನ ಪಾಲನ್ನು ಸಾಗರಗಳೇ ಹೀರಿಕೊಂಡಿವೆ. ಮೇಲಿನ ನೀರು ಬಿಸಿಯಾದಷ್ಟೂ ಹಗುರವಾಗಿ ಮುಚ್ಚಳದ ಹಾಗೆ ನಿಲ್ಲುತ್ತದೆ, ಅಡಿಯ ಸಾರ ಅಡಿಯಲ್ಲಿಯೇ ಉಳಿಯುತ್ತದೆ. ಪಶ್ಚಿಮ ಹಿಂದೂ ಮಹಾಸಾಗರದಲ್ಲಿ ಆರು ದಶಕಗಳಲ್ಲಿ ಸಸ್ಯಪ್ಲವಕಗಳು ಶೇ. 20ರವರೆಗೂ ಕುಗ್ಗಿವೆ ಎಂದು ಪುಣೆಯ ಭಾರತೀಯ ಉಷ್ಣವಲಯ ಹವಾಮಾನ ಸಂಸ್ಥೆಯ ರಾಕ್ಸಿ ಮ್ಯಾಥ್ಯೂ ಕೋಲ್ ಮತ್ತು ಸಂಗಡಿಗರು 2016ರಲ್ಲಿ ಪ್ರಕಟಿಸಿದ ಅಧ್ಯಯನ ಹೇಳಿದೆ. ಅರಬ್ಬಿ ಸಮುದ್ರದ ಚಂಡಮಾರುತಗಳ ಸಂಖ್ಯೆಯೂ 2001ರಿಂದ 2019ರವರೆಗಿನ ಅವಧಿಯಲ್ಲಿ ಹಿಂದಿನ ಎರಡು ದಶಕಗಳಿಗಿಂತ ಅರ್ಧದಷ್ಟು ಹೆಚ್ಚಾಗಿದೆ. 2021ರ ಮೇ ತಿಂಗಳ ತೌಕ್ತೆ ಉಳ್ಳಾಲ, ಸೋಮೇಶ್ವರದ ಕಡೆ ಏನು ಮಾಡಿತು ಎಂಬುದನ್ನು ಕಂಡವರಿಗೆ ಇದನ್ನು ವಿವರಿಸಬೇಕಾಗಿಲ್ಲ.

ಬೂತಾಯಿಯ ಆಯುಸ್ಸು ಎರಡು, ಎರಡೂವರೆ ವರ್ಷ ಮಾತ್ರ. ಹಾಗಾಗಿ ಕಡಲಿನಲ್ಲಿ ಒಂದು ವರ್ಷ ಎಡವಟ್ಟಾದರೆ ಮುಂದಿನ ವರ್ಷವೇ ಬಲೆಯಲ್ಲಿ ಕಾಣುತ್ತದೆ. ಕೇರಳದಲ್ಲಿ 2012ರಲ್ಲಿ 3.9 ಲಕ್ಷ ಟನ್ ಬೂತಾಯಿ ಸಿಕ್ಕಿತ್ತು. ಪೆಸಿಫಿಕ್ ಸಾಗರದ ಮೇಲ್ನೀರು ಬಿಸಿಯೇರಿ ಜಗತ್ತಿನ ಹವಾಮಾನವೇ ಏರುಪೇರಾಗುವ ವಿದ್ಯಮಾನಕ್ಕೆ ಎಲ್ ನಿನೊ ಎನ್ನುತ್ತಾರೆ. 2015-16ರ ಎಲ್ ನಿನೊ ಸುತ್ತಿನ ವರ್ಷಗಳಲ್ಲಿ ಅದು ಕುಸಿಯಿತು, ಸ್ವಲ್ಪ ಚೇತರಿಸಿತು, ಮತ್ತೆ ಕುಸಿದು 2021ರಲ್ಲಿ 3,297 ಟನ್ನಿಗೆ ಬಂದು ನಿಂತಿತು. ಕೊಚ್ಚಿಯಲ್ಲಿರುವ ಕೇಂದ್ರೀಯ ಸಮುದ್ರ ಮೀನುಗಾರಿಕಾ ಸಂಶೋಧನಾ ಸಂಸ್ಥೆಯ ಲೆಕ್ಕ ಇದು. ತಾವು ಮತ್ತಿ ಎಂದು ಕರೆಯುವ ಇದೇ ಊಟದ ಮೀನನ್ನು ಕೇರಳದವರು ತಮಿಳುನಾಡು, ಒಮಾನ್‌ಗಳಿಂದ ತರಿಸಿ ತಿನ್ನುವ ಹಾಗಾಯಿತು. ಮರುವರ್ಷವೇ ಅದು ಒಂದು ಲಕ್ಷ ಟನ್ ದಾಟಿತು ಎನ್ನುವುದು ಈ ಪುಟ್ಟ ಜೀವಿಯ ಕಸುವಿಗೆ ಸಾಕ್ಷಿ. ಆದರೆ 2024ರ ಒಳ್ಳೆಯ ಮುಂಗಾರಿನ ನಂತರ ಮರಿಗಳು ಒಮ್ಮೆಗೇ ಹೆಚ್ಚಿ, ಇದ್ದ ಆಹಾರ ಎಲ್ಲವಕ್ಕೂ ಸಾಲದೆ, ಗಿಡ್ಡವಾಗಿಯೇ ಉಳಿದುಬಿಟ್ಟವು ಎಂದು ಅದೇ ಸಂಸ್ಥೆ ಹೇಳಿತು. ಮನೆಯ ಸ್ಕೇಲಿನ ಪಕ್ಕದಲ್ಲಿ ನಾನು ಕಂಡ 11 ಸೆಂಟಿಮೀಟರಿನ ಬೂತಾಯಿಗೆ ಇದೂ ಒಂದು ವಿವರಣೆಯಾಗಿರಬಹುದು. ಬೂತಾಯಿ ಬಲಿತು ಮೊಟ್ಟೆಯಿಡುವುದು ಸುಮಾರು 15 ಸೆಂಟಿಮೀಟರ್ ಆದ ಮೇಲೆ.

ಇನ್ನು ಆರ್ಥಿಕತೆ. ಇಲ್ಲಿ ಪೆರು ದೇಶದ ಮಾತು ತರಲೇಬೇಕು. ನಮ್ಮ ಕೊಲ್ಲತರುವಿನ ಬಂಧು ಎನ್ನಬಹುದಾದ ಆಂಚೊವೆಟಾ ಎಂಬ ಸಣ್ಣ ಮೀನು ಪೆರುವಿನ ಕರಾವಳಿಯಲ್ಲಿ ರಾಶಿರಾಶಿಯಾಗಿ ಸಿಗುತ್ತದೆ. ಅದರಲ್ಲಿ ಬಹುಪಾಲನ್ನು ಅಲ್ಲಿಯ ಜನ ತಿನ್ನುವುದಿಲ್ಲ. ಬೇಯಿಸಿ, ಹಿಂಡಿ, ಒಣಗಿಸಿ ಮೀನಿನ ಹಿಟ್ಟು ಮತ್ತು ಎಣ್ಣೆ ಮಾಡಿ ರಫ್ತು ಮಾಡುತ್ತಾರೆ. ಜಗತ್ತಿನ ಮೀನುಹಿಟ್ಟಿನಲ್ಲಿ ಸುಮಾರು ಐದನೆಯ ಒಂದು ಪಾಲು ಆ ಒಂದೇ ದೇಶದ್ದು. 2023ರಲ್ಲಿ ಎಲ್ ನಿನೊದಿಂದ ಅಲ್ಲಿಯ ಕಡಲು ಬಿಸಿಯೇರಿ, ಪರೀಕ್ಷೆಗೆ ಹಿಡಿದ ಮೀನಿನಲ್ಲಿ ಮರಿಗಳೇ ಹೆಚ್ಚಾಗಿ ಕಂಡಾಗ, ಪೆರು ಸರ್ಕಾರ ವರ್ಷದ ಮೊದಲ ಮೀನುಗಾರಿಕಾ ಋತುವನ್ನೇ ರದ್ದುಮಾಡಿತು. ಜಗತ್ತಿನಲ್ಲೆಲ್ಲ ಮೀನುಹಿಟ್ಟಿನ, ಮೀನೆಣ್ಣೆಯ ಬೆಲೆ ಏರಿತು. ಬೆಲೆ ಏರಿದಾಗ ಹಿಟ್ಟು ಮಾಡುವ ಬೇರೆ ಕರಾವಳಿಗಳ ಮೀನಿಗೂ ಕರೆ ಬರುತ್ತದೆ, ಮತ್ತು ಉಳ್ಳಾಲದಿಂದ ಮಲ್ಪೆಯವರೆಗಿನ ನಮ್ಮ ಕರಾವಳಿ ಅಂಥ ಕಾರ್ಖಾನೆಗಳ ಒಂದು ಮುಖ್ಯ ನೆಲೆ.

ಈ ಹಿಟ್ಟು ಹೋಗುವುದು ಸಾಕಣೆಯ ಮೀನು, ಸಿಗಡಿಗಳ ಹೊಟ್ಟೆಗೆ. ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆಯ ವರದಿಯಂತೆ, 2022ರಲ್ಲಿ ಮೊದಲ ಬಾರಿಗೆ ಜಗತ್ತಿನಲ್ಲಿ ನೀರಿನಿಂದ ಹಿಡಿದ ಜಲಚರಗಳಿಗಿಂತ ಸಾಕಿದ ಜಲಚರಗಳ ಪ್ರಮಾಣವೇ ಹೆಚ್ಚಾಯಿತು, ಶೇ. 51 ಸಾಕಣೆಯದ್ದು. ಇದು ದೊಡ್ಡ ತಿರುವು, ಮತ್ತು ಅದರಲ್ಲಿ ಒಳ್ಳೆಯದೂ ಬೇಕಾದಷ್ಟಿದೆ. ಆದರೆ ಒಂದು ಕಿಲೋ ಮೀನುಹಿಟ್ಟಿಗೆ ನಾಲ್ಕರಿಂದ ಐದು ಕಿಲೋ ಹಸಿ ಮೀನು ಬೇಕು. ಆಂಧ್ರದ ಕೊಳಗಳಲ್ಲಿ 2009ರ ನಂತರ ಬೆಳೆಸಲು ತೊಡಗಿದ ವನ್ನಾಮೆ ಸಿಗಡಿಯ ತವರು ಮೆಕ್ಸಿಕೋದಿಂದ ಪೆರುವಿನ ಉತ್ತರ ತುದಿಯವರೆಗಿನ ಪೆಸಿಫಿಕ್ ಕರಾವಳಿ. ಆ ಸಿಗಡಿಗೆ ನಮ್ಮ ಪಶ್ಚಿಮ ಕರಾವಳಿಯ ಮೀನು ಆಹಾರವಾಗುತ್ತದೆ, ಬೆಳೆದ ಸಿಗಡಿ ಅಮೆರಿಕದ ಊಟದ ಮೇಜಿಗೆ ಹೋಗುತ್ತದೆ. 2025ರ ಆಗಸ್ಟ್‌ನಲ್ಲಿ ಅಮೆರಿಕ ಭಾರತದ ಸರಕಿನ ಮೇಲೆ ಶೇ. 50ರ ಸುಂಕ ಹಾಕಿದಾಗ ಆಂಧ್ರದ ಸಿಗಡಿ ಕೃಷಿಕರು ಕಂಗಾಲಾದ ಸುದ್ದಿಯನ್ನು ನಾವೆಲ್ಲ ಓದಿದೆವು. ಆ ಸರಪಳಿಯ ಒಂದು ಕೊಂಡಿ ನಮ್ಮ ಬಂದರಿನಲ್ಲಿಯೂ ಇದೆ.

ಕಾರ್ಖಾನೆಗಳನ್ನು ಖಳರೆಂದು ಬಗೆದು ಬರೆಯುವ ಉದ್ದೇಶ ನನಗಿಲ್ಲ. ಎರಡು ವರ್ಷದ ಹಿಂದೆ, ಅಕ್ಟೋಬರಿನ ಒಂದು ಮಧ್ಯಾಹ್ನ ಮಲ್ಪೆ ಬಂದರಿನಲ್ಲಿ ನಿಂತಿದ್ದೆ. ಮೀನಿನ ಗುಂಪನ್ನು ಕಡಲಿನಲ್ಲಿಯೇ ಸುತ್ತುವರಿದು ಹಿಡಿಯುವ ಪರ್ಸಿನ್ ಬಲೆಯ ನಾಲ್ಕೈದು ಬೋಟುಗಳು ಒಟ್ಟಿಗೆ ಬಂದಿದ್ದವು. ಬೂತಾಯಿ ತುಂಬಿದ ಪ್ಲಾಸ್ಟಿಕ್ ಬುಟ್ಟಿಗಳು ಕೈಯಿಂದ ಕೈಗೆ ದಾಟುತ್ತಿದ್ದವು. ಮೊದಲ ಬೋಟಿನ ಮೀನಿಗೆ ಹರಾಜಿನಲ್ಲಿ ಒಳ್ಳೆಯ ಬೆಲೆ ಬಂತು. ಮೂರನೆಯದಕ್ಕೆ ಅದು ಅರ್ಧಕ್ಕಿಳಿಯಿತು. ಕೊನೆಯ ಬೋಟಿನವರ ಹತ್ತಿರ ಐಸ್ ಮುಗಿದಿತ್ತು, ಕೊಳ್ಳುವವರು ಬೆನ್ನು ತಿರುಗಿಸಿದ್ದರು. ಮೀನಿನ ಕಣ್ಣು ಕೆಂಪಾಗತೊಡಗಿತ್ತು, ಹೊಟ್ಟೆ ಮೆತ್ತಗಾಗಿ ಒಡೆಯುವುದರಲ್ಲಿತ್ತು. ಆಗ ಹಿಟ್ಟಿನ ಕಾರ್ಖಾನೆಯ ಲಾರಿ ಹಿಂದಕ್ಕೆ ಬಂದು ನಿಂತಿತು. ಡೀಸೆಲ್‌ನ ದುಡ್ಡಾದರೂ ಹುಟ್ಟಿತು ಎಂದು ಬೋಟು ನಡೆಸುವ ತಂಡೇಲರು ನಿಟ್ಟುಸಿರು ಬಿಟ್ಟರು. ಆ ಲಾರಿ ಇಲ್ಲದಿದ್ದರೆ ಅಷ್ಟೂ ಮೀನು ಕಡಲಿಗೆ ಸುರಿಯಬೇಕಾಗಿತ್ತು.

ಆದ್ದರಿಂದ ನನ್ನ ತಕರಾರು ಲಾರಿಯ ಮೇಲೆ ಅಲ್ಲ, ಲಾರಿಯೊಂದೇ ದಾರಿ ಎನ್ನುವ ಸ್ಥಿತಿಯ ಮೇಲೆ. ತಿನ್ನಲು ಬಾರದ ಕಾರ್ಗಿಲ್ ಮೀನು ಹಿಟ್ಟಾಗುವುದು ಬೇರೆ, ಬಡವರ ಬಟ್ಟಲಿನ ಬೂತಾಯಿ ಹಿಟ್ಟಾಗುವುದು ಬೇರೆ. ಈ ವ್ಯತ್ಯಾಸವನ್ನು ಮಾರುಕಟ್ಟೆ ತಾನಾಗಿಯೇ ಮಾಡುವುದಿಲ್ಲ. ಅದಕ್ಕೆ ಕಾಣುವುದು ಟನ್ನು ಮತ್ತು ಬೆಲೆ.

ಆರೋಗ್ಯದ ಮಾತಿಗೆ ಬಂದರೆ ನನ್ನ ನೋವು ಹೆಚ್ಚಾಗುತ್ತದೆ. ಮೆದುಳು ಮತ್ತು ಕಣ್ಣಿನ ಬೆಳವಣಿಗೆಗೆ ಬೇಕಾದ ಒಮೆಗಾ-3 ಕೊಬ್ಬು ಸಿದ್ಧರೂಪದಲ್ಲಿ ಸಿಗುವ ಆಹಾರಗಳು ಬಹಳಿಲ್ಲ, ಅವುಗಳಲ್ಲಿ ಅಗ್ಗದ್ದೆಂದರೆ ಬೂತಾಯಿ. ಅದರ ಜೊತೆಗೆ ಡಿ ಮತ್ತು ಬಿ12 ವಿಟಮಿನ್, ಮುಳ್ಳನ್ನೂ ಜಗಿದು ತಿಂದರೆ ಸುಣ್ಣದ ಅಂಶ. ಬಸುರಿಯರಿಗೆ, ಬೆಳೆಯುವ ಮಕ್ಕಳಿಗೆ ಇದಕ್ಕಿಂತ ಸುಲಭವಾದ ಪೋಷಣೆ ನಮ್ಮ ಕರಾವಳಿಯಲ್ಲಿ ಇನ್ನೊಂದಿರಲಿಲ್ಲ. ಕಳೆದ ವರ್ಷ ಅಮ್ಮನಿಗೆ ಒಬ್ಬ ವೈದ್ಯರು ಮೀನೆಣ್ಣೆಯ ಕ್ಯಾಪ್ಸೂಲ್ ಬರೆದುಕೊಟ್ಟರು. ಮಂಗಳೂರಿನ ಹಂಪನಕಟ್ಟೆಯ ಅಂಗಡಿಯಲ್ಲಿ ಅದನ್ನು ಕೊಳ್ಳುವಾಗ ಲೆಕ್ಕ ಹಾಕಿದೆ: ಒಂದು ತಿಂಗಳ ಕ್ಯಾಪ್ಸೂಲಿನ ದುಡ್ಡಿನಲ್ಲಿ, ಮಳೆಗಾಲದ ದರದಲ್ಲಿಯೂ, ಮನೆಮಂದಿಗೆಲ್ಲ ವಾರಕ್ಕೊಂದು ಸಲ ಬೂತಾಯಿ ಪುಳಿಮುಂಚಿ ಆಗುತ್ತಿತ್ತು. ಸಣ್ಣ ಮೀನು ಸಣ್ಣ ಜನರ ಊಟದಿಂದ ಜಾರಿ ಹೋದರೆ ಅದರ ಜಾಗಕ್ಕೆ ಬರುವುದು ಅಂಜಲ್ ಅಲ್ಲ. ಹತ್ತು ರೂಪಾಯಿಯ ಪೊಟ್ಟಣದ ಕುರುಕಲು. ಮಕ್ಕಳ ಬುತ್ತಿಯಲ್ಲಿ ಇದನ್ನು ನಾನು ಕಾಣುತ್ತಿದ್ದೇನೆ.

ತಂತ್ರಜ್ಞಾನವನ್ನು ಕುರಿತು ಹೆಚ್ಚು ಹೇಳುವುದಿಲ್ಲ. ಹೈದರಾಬಾದಿನ ಇನ್‌ಕಾಯ್ಸ್ ಸಂಸ್ಥೆ ಉಪಗ್ರಹದಿಂದ ಕಡಲಿನ ಉಷ್ಣತೆ ಮತ್ತು ಹಸಿರನ್ನು ನೋಡಿ ಮೀನು ಸಿಗಬಹುದಾದ ಜಾಗಗಳನ್ನು ಮೊಬೈಲಿಗೆ ಕಳುಹಿಸುತ್ತದೆ. ಚಂಡಮಾರುತದ ಮುನ್ಸೂಚನೆಯಿಂದ ಎಷ್ಟೋ ಜೀವಗಳು ಉಳಿದಿವೆ. ಇವೆಲ್ಲ ನಿಜವಾದ ಉಪಕಾರಗಳು. ಆದರೆ ಮಳೆಗಾಲದ ಮೋಡದಡಿ ಕಡಲಿನ ಬಣ್ಣ ಉಪಗ್ರಹಕ್ಕೆ ಕಾಣುವುದಿಲ್ಲ, ಬೂತಾಯಿಯ ವರ್ಷ ನಿರ್ಧಾರವಾಗುವುದು ಅದೇ ತಿಂಗಳುಗಳಲ್ಲಿ. ಸೋನಾರ್, ಜಿಪಿಎಸ್, ಫಿಶ್ ಫೈಂಡರ್ ಇರುವ ಬೋಟಿಗೆ ಉಳಿದಿರುವ ಕೊನೆಯ ಗುಂಪನ್ನೂ ಹುಡುಕಲು ಸಾಧ್ಯ. ದಡದಿಂದಲೇ ಎಳೆಯುತ್ತಿದ್ದ ರಂಪಣಿ ಬಲೆಯ ಕಾಲದಲ್ಲಿ ದಡಕ್ಕೆ ಬಾರದ ಮೀನು ಬದುಕಿಕೊಳ್ಳುತ್ತಿತ್ತು. 1970ರ ದಶಕದ ಉತ್ತರಾರ್ಧದಲ್ಲಿ ಪರ್ಸಿನ್ ಬಲೆ ಬಂದ ಮೇಲೆ ಆ ರಕ್ಷಣೆ ಹೋಯಿತು. ಬೆಳಕು ಹಾಯಿಸಿ ಮೀನು ಹಿಡಿಯುವುದನ್ನು ಕೇಂದ್ರ ಸರ್ಕಾರ 2017ರಲ್ಲಿ ನಿಷೇಧಿಸಿದ್ದರೂ ಆ ಕುರಿತ ಜಗಳ ನಮ್ಮ ಬಂದರುಗಳಲ್ಲಿ ಇನ್ನೂ ತಣ್ಣಗಾಗಿಲ್ಲ.

ಪೆರು ಇದೇ ಪಾಠವನ್ನು ದುಬಾರಿ ಬೆಲೆ ತೆತ್ತು ಕಲಿತ ದೇಶ. 1970ರಲ್ಲಿ ಅಲ್ಲಿ 120 ಲಕ್ಷ ಟನ್ನಿಗೂ ಹೆಚ್ಚು ಆಂಚೊವೆಟಾ ಹಿಡಿದರು. 1972ರ ಎಲ್ ನಿನೊ ಬಂದಾಗ, ಆಗಲೇ ಅತಿಯಾಗಿ ಬಾಚಿದ್ದ ಮೀನು ಕುಸಿದುಬಿದ್ದು ಚೇತರಿಸಲು ದಶಕಗಳೇ ಬೇಕಾದವು. ಮರಿಗಳು ಕಂಡ ಕೂಡಲೇ ಋತುವನ್ನು ನಿಲ್ಲಿಸುವ ಧೈರ್ಯ 2023ರಲ್ಲಿ ಬಂದದ್ದರ ಹಿಂದೆ ಆ ನೆನಪೂ ಇರಬೇಕೆಂದು ನಾನು ಭಾವಿಸುತ್ತೇನೆ. ನಮ್ಮಲ್ಲಿ ನಿಷೇಧವೆಂದರೆ ಪಂಚಾಂಗದ ಹಾಗೆ 61 ದಿನ, ಕಡಲು ಹೇಗೇ ಇರಲಿ. ಆ ದಿನಗಳ ಮೌಲ್ಯ ದೊಡ್ಡದು, ಅದು ಇರಲೇಬೇಕು. ಅದರ ಜೊತೆಗೆ, ಮರಿಗಳು ಹೆಚ್ಚಾಗಿ ಬಲೆಗೆ ಬೀಳುತ್ತಿರುವ ವಾರಗಳಲ್ಲಿ ಆ ಜಾಗವನ್ನು ಮುಚ್ಚುವ ಅಧಿಕಾರವೂ, ದುಡಿಮೆ ತಪ್ಪಿದ ಕಲಾಸಿಗಳಿಗೆ, ಅಂದರೆ ಬೋಟಿನ ಕೆಲಸಗಾರರಿಗೆ, ಆ ವಾರಗಳ ಕೂಲಿ ಸಿಗುವ ವ್ಯವಸ್ಥೆಯೂ ಬೇಕು. ಕೇರಳ 2015ರಲ್ಲಿಯೇ ಕನಿಷ್ಠ ಗಾತ್ರದ ನಿಯಮ ತಂದು ಬೂತಾಯಿಗೆ 10 ಸೆಂಟಿಮೀಟರ್ ಎಂದು ಗೊತ್ತುಮಾಡಿತು. ಮೀನು ಒಂದು ರಾಜ್ಯದ ಗಡಿಯಲ್ಲಿ ನಿಲ್ಲುವುದಿಲ್ಲವಾದ್ದರಿಂದ ಮಂಜೇಶ್ವರದ ಆಚೆಗೂ ಈಚೆಗೂ ಒಂದೇ ಅಳತೆ, ಒಂದೇ ಬಿಗಿ ಇರಬೇಕು. ಹಿಟ್ಟಿನ ಕಾರ್ಖಾನೆಯ ಗೇಟಿನಲ್ಲಿಯೇ ಆ ಅಳತೆ ನಡೆಯುವುದಾದರೆ ಕಡಲಿನ ನಡುವೆ ಯಾರನ್ನೂ ಅಟ್ಟಿಸಿಕೊಂಡು ಹೋಗಬೇಕಾಗಿಲ್ಲ.

ಮತ್ತೊಂದು ಕೆಲಸ ಬಂದರಿನ ಮೇಲಿನದು. ಅಂದು ಮಲ್ಪೆಯ ಆ ಕೊನೆಯ ಬೋಟಿಗೆ ಐಸ್ ಸಿಕ್ಕಿದ್ದರೆ, ನಾಲ್ಕು ದಿನ ಮೀನಿಡಲು ಶೀತಲಗೃಹದಲ್ಲಿ ಬಾಡಿಗೆಗೆ ಜಾಗ ಇದ್ದಿದ್ದರೆ, ಅಲ್ಲಿಯೇ ಬುಟ್ಟಿ ಹಿಡಿದು ನಿಂತಿದ್ದ ಮೂವರು ಹೆಂಗಸರು ಅದನ್ನು ಕೊಂಡು ಕಾರ್ಕಳ, ಹೆಬ್ರಿಯ ಕಡೆ ವಾರವಿಡೀ ಮಾರುತ್ತಿದ್ದರು. ಅವರಲ್ಲೊಬ್ಬರನ್ನು ಕೇಳಿದ್ದೆ, ಎಷ್ಟು ಬುಟ್ಟಿ ತೆಗೆದುಕೊಳ್ಳಬಹುದಿತ್ತು ಎಂದು. ಸೆರಗಿನಿಂದ ಮುಖ ಒರೆಸಿಕೊಂಡು, "ಐಸ್ ಇದ್ದರೆ ಹತ್ತು, ಇಲ್ಲದಿದ್ದರೆ ಎರಡು" ಎಂದರು. ಅಷ್ಟು ಹೇಳಿ ಎರಡು ಬುಟ್ಟಿ ಎತ್ತಿಸಿಕೊಂಡು ಬಸ್ಸಿನ ಕಡೆ ನಡೆದರು.