ರಾತ್ರಿ ಹುಬ್ಬಳ್ಳಿಗೆ ಕಾರು ಹತ್ತುವ ಮುಂಚೆ

ಶುಕ್ರವಾರ ಆಫೀಸ್ ಮುಗಿಸಿ ರಾತ್ರಿಯೇ ಬೆಂಗಳೂರಿನಿಂದ ಹುಬ್ಬಳ್ಳಿಗೆ ಹೊರಡುವ ಯೋಚನೆ ಇದೆಯಾ? ನಾವೂ ಹಾಗೇ ಹೊರಟಿದ್ದೆವು. ಸುಮಾರು 410 ಕಿ.ಮೀ. ಟ್ರಾಫಿಕ್ ಕಾಟ ಇರಲ್ಲ, ಬೆಳಗಿನ ಚಹಾ ಮಾವನ ಮನೆಯಲ್ಲಿ ಅಂತ ಲೆಕ್ಕ.

ಆದರೆ ಅವತ್ತು ನಾನು ಎದ್ದಿದ್ದು ಬೆಳಿಗ್ಗೆ 5:30ಕ್ಕೆ. ಮಧ್ಯಾಹ್ನದ ಮೀಟಿಂಗ್‌ನಲ್ಲೇ ತೂಕಡಿಸಿದ್ದೆ. ನೋಟ್‌ಬುಕ್‌ನ ಕೊನೆಯ ಸಾಲು ಕಾಗೆಕಾಲು ಗುಬ್ಬಿಕಾಲು ಆಗಿತ್ತು. ಅಲ್ಲೇ ಎಚ್ಚೆತ್ತುಕೊಳ್ಳಬೇಕಿತ್ತು. ಒಂದೇ ಸಮನೆ 17 ಗಂಟೆ ನಿದ್ದೆ ಇಲ್ಲದಿದ್ದರೆ, ರಕ್ತದಲ್ಲಿ ಶೇ 0.05 ಮದ್ಯ ಇದ್ದವರಷ್ಟೇ ನಾವೂ ಮಂಕಾಗುತ್ತೇವೆ. ನಮ್ಮ ಕಾನೂನಿನ ಮಿತಿಯೇ ಶೇ 0.03. ಅಂದರೆ ರಾತ್ರಿ 10:30ಕ್ಕೆ ನೆಲಮಂಗಲ ದಾಟುವಾಗ ಹನಿ ಕುಡಿಯದೆಯೂ ನಾನು ಕುಡಿದವರ ಸಾಲಿನಲ್ಲಿದ್ದೆ!

ಶಿರಾ ತನಕ ಮಾತು ನಡೆದಿತ್ತು. ಹಿರಿಯೂರು ದಾಟಿದ ಮೇಲೆ ಲಾರಿಗಳ ಕೆಂಪು ದೀಪ ಬಿಟ್ಟರೆ ಏನೂ ಇಲ್ಲ. ಘಾಟಿಯಲ್ಲಾದರೆ ಸ್ಟೀರಿಂಗ್ ತಿರುಗಿಸುತ್ತಲೇ ಇರಬೇಕು. ಇಲ್ಲಿ ಕೈಗೂ ಕೆಲಸವಿಲ್ಲ, ಕಣ್ಣಿಗೂ ಇಲ್ಲ. ಕಿಟಕಿ ಇಳಿಸಿದೆ, ಹಾಡು ಜೋರು ಮಾಡಿದೆ. ಐದು ನಿಮಿಷದ ಆಟ ಅಷ್ಟೆ.

"ರೀ, ನೀರು ಬೇಕಾ?" ಅಂತ ಹೆಂಡತಿ ಕೇಳಿದರೆ "ಆ ಫೈಲ್ ಆಗ್ಲೇ ಕಳಿಸಿದೀನಿ" ಅಂದೆನಂತೆ. ನನಗೆ ನೆನಪೇ ಇಲ್ಲ. 80ರ ವೇಗದಲ್ಲಿ ನಾಲ್ಕು ಸೆಕೆಂಡ್ ರೆಪ್ಪೆ ಮುಚ್ಚಿದರೆ ಕಾರು ಸುಮಾರು 90 ಮೀಟರ್ ಹೋಗಿರುತ್ತದೆ.

"ಮೊದ್ಲು ಗಾಡಿ ನಿಲ್ಸಿ" ಅಂದಳು. ಓಡಿಸುವುದು ಅವಳಿಗೂ ಬರುತ್ತದೆ, ಆದರೆ ಅವಳೂ ಆಫೀಸ್ ಮುಗಿಸಿಯೇ ಬಂದವಳು.

ಹೆದ್ದಾರಿ ಪಕ್ಕ ಮಾತ್ರ ನಿಲ್ಲಿಸಬೇಡಿ. ಹಿಂದೆ ಬರುವ ಲಾರಿಯವನಿಗೂ ನಿದ್ದೆ ಬಂದಿರಬಹುದು, ಅಲ್ವಾ? ಬೆಳಕಿರುವ ಪೆಟ್ರೋಲ್ ಬಂಕ್ ನೋಡಿ. ಮೊದಲು ಕಾಫಿ, ಆಮೇಲೆ ಅಲಾರಂ ಇಟ್ಟು 20 ನಿಮಿಷ ನಿದ್ದೆ. ಕಾಫಿ ಕೆಲಸ ಶುರು ಮಾಡಲು ಹೆಚ್ಚುಕಮ್ಮಿ ಅರ್ಧ ಗಂಟೆ ಬೇಕು, ಹಾಗಾಗಿ ಏಳುವ ಹೊತ್ತಿಗೆ ಎರಡರ ಬಲವೂ ಸಿಗುತ್ತದೆ. ಅದಕ್ಕಿಂತ ಜಾಸ್ತಿ ಮಲಗಿದರೆ ಎದ್ದ ಮೇಲೂ ಮಂಪರು. ಎದ್ದವರೇ ಕೀ ತಿರುಗಿಸಬೇಡಿ, ಮುಖ ತೊಳೆದು ಹತ್ತು ನಿಮಿಷ ಓಡಾಡಿ.

ಇಷ್ಟೆಲ್ಲ ಮಾಡಿದ್ದು ದಾವಣಗೆರೆ ತನಕ ಸಾಕಾಯಿತು. ರಾತ್ರಿ 2ರಿಂದ 5ರ ನಡುವೆ ಮೈ ನಿದ್ದೆ ಕೇಳಿಯೇ ಕೇಳುತ್ತದೆ, ಅದಕ್ಕೆ ಕಾಫಿ ಲಂಚ ನಡೆಯಲ್ಲ. ಸುಮ್ನೆ ಲಾಡ್ಜ್ ಹಿಡಿದು ಮಲಗಿದೆವು. ಶುಕ್ರವಾರ ಮನೆಯಲ್ಲೇ ಮಲಗಿ ಶನಿವಾರ 5:30ಕ್ಕೆ ಹೊರಟಿದ್ದರೆ ಆ ಬಾಡಿಗೆಯೂ ಉಳಿಯುತ್ತಿತ್ತು.

ಬೆಳಿಗ್ಗೆ ಬೆಣ್ಣೆ ದೋಸೆ. ಗಾಡಿ ಓಡಿಸುವವರು ಒಂದಕ್ಕೇ ನಿಲ್ಲಿಸಿ. ನಾನು ಮೂರು ತಿಂದೆ, ಹಾಗಾಗಿ ಅಲ್ಲಿಂದ ಹುಬ್ಬಳ್ಳಿ ತನಕ ಓಡಿಸಿದ್ದು ಅವಳು.