ತಮ್ಮನಿಗೆ ಕೇಳಿದರೆ ಸಾಕು

ಚಾಮರಾಜಪೇಟೆಯ ಒಂದು ಹಳೇ ಮನೆ. ಬೆಳಗ್ಗೆ ಆರೂವರೆ. ನನ್ನ ಮೊದಲ ಸಿನಿಮಾದ ಮೊದಲ ದಿನ. ಒಳಗೆ ಹೋದಾಗ ಸೌಂಡ್ ರೆಕಾರ್ಡಿಸ್ಟ್ ಹುಡುಗ ಫ್ರಿಜ್ ಆಫ್ ಮಾಡಿ, ತನ್ನ ಬೈಕ್ ಕೀ ಅದರೊಳಗೆ ಇಡುತ್ತಿದ್ದ.

"ಇದ್ಯಾಕಪ್ಪಾ?" ಅಂದೆ.

"ಫ್ರಿಜ್ ಸದ್ದು ಮೈಕಿಗೆ ಬರುತ್ತೆ ಅಕ್ಕ. ಆಮೇಲೆ ಆನ್ ಮಾಡೋದು ಮರೆತರೆ ಮನೆಯವರ ಹಾಲೆಲ್ಲ ಕೆಡುತ್ತೆ. ಕೀ ಒಳಗಿದ್ದರೆ ಮರೆಯೋ ಹಾಗಿಲ್ವಲ್ಲ."

ನಾವು ಒಟ್ಟು ಹನ್ನೊಂದು ಜನ. ಸ್ನೇಹಿತರು ಕೂಡಿಸಿದ ದುಡ್ಡಿನಲ್ಲಿ ಆಗುತ್ತಿದ್ದ ಸಿನಿಮಾ. ಕ್ಯಾರವಾನ್ ಇರಲಿಲ್ಲ, ಮನೆಯವರ ಕೋಣೆಯಲ್ಲೇ ಸೀರೆ ಉಟ್ಟೆ. ಸೀರೆ ಅಮ್ಮನದು.

ಅದಕ್ಕೂ ಮೊದಲು ಆರು ವರ್ಷ ನಾಟಕ ಮಾಡಿದ್ದೆ. 2004ರಲ್ಲಿ ಜೆ.ಪಿ. ನಗರದಲ್ಲಿ ರಂಗಶಂಕರ ನಾಟಕಮಂದಿರ ಶುರುವಾದಾಗ ನಾನಿನ್ನೂ ಸ್ಕೂಲಿನಲ್ಲಿದ್ದೆ. ಮುಂದೆ ಅಲ್ಲೇ ನಿಂತು ಮಾತಾಡಿದೆ. ರವೀಂದ್ರ ಕಲಾಕ್ಷೇತ್ರದಲ್ಲೂ ಆಡಿದೆ. ಕೊನೆ ಸಾಲಿನವರಿಗೂ ಮಾತು ಮುಟ್ಟಬೇಕು ಅಂತ ಹೊಟ್ಟೆಯಿಂದ ಉಸಿರು ತೆಗೆಯುವುದನ್ನು ಕಲಿತಿದ್ದೆ. ನನ್ನ ಹತ್ತಿರ ಇದ್ದ ಆಸ್ತಿ ಅದೊಂದೇ.

ದೃಶ್ಯ ತುಂಬ ಚಿಕ್ಕದು. ಮನೆ ಮಾರೋಣ ಅಂತಾನೆ ತಮ್ಮ. ನಾನು ಅನ್ನ ಬಡಿಸುತ್ತಾ "ಮೊದಲು ಊಟ ಮಾಡು" ಅನ್ನಬೇಕು. ಅಂದೆ. ಸೌಂಡ್ ಹುಡುಗ ಹೆಡ್‌ಫೋನ್ ಕಿತ್ತ.

"ಅಕ್ಕ, ಮೈಕ್ ನಿಮ್ಮ ಸೆರಗಿನ ಒಳಗೇ ಇದೆ. ತಮ್ಮನಿಗೆ ಕೇಳಿದರೆ ಸಾಕು."

ನಮ್ಮ ಸಿನಿಮಾಗಳಲ್ಲಿ ಡಬ್ಬಿಂಗ್ ಜಾಸ್ತಿ. ಸೆಟ್ಟಿನಲ್ಲಿ ಮಾತು ಎಡವಿದರೂ ಆಮೇಲೆ ಸ್ಟುಡಿಯೊದಲ್ಲಿ ಸರಿ ಮಾಡಬಹುದು. ಇದು ಸಿಂಕ್ ಸೌಂಡ್. ಅಲ್ಲಿ ಆಡಿದ ಮಾತೇ ಉಳಿಯುತ್ತೆ.

ಎರಡನೇ ಟೇಕ್ ಆಟೊ ಸದ್ದಿಗೆ ಹೋಯಿತು. ಮೂರನೆಯದು ಪಕ್ಕದ ಮನೆ ಕುಕ್ಕರಿಗೆ. ನಮ್ಮವರೊಬ್ಬರು ಓಡಿಹೋಗಿ ಕೇಳಿಕೊಂಡರು. ಆ ಮನೆಯ ಅಜ್ಜಿ ಒಲೆ ಆರಿಸಿ, "ಮುಗೀಲಿ ಬಿಡಪ್ಪಾ, ಆಮೇಲೆ ಇಡ್ತೀನಿ" ಅಂದರಂತೆ. ನಾಲ್ಕನೆಯದರಲ್ಲಿ ಮತ್ತೆ ನನ್ನ ದನಿಯೇ ಏರಿತು. ಅಳು ಬರುವ ಹಾಗಾಯಿತು.

ಐದನೇ ಸಲ ಯಾರನ್ನೂ ನೋಡಲಿಲ್ಲ. ತಟ್ಟೆ ನೋಡಿದೆ. ಅನ್ನ ಹಾಕಿದೆ. ಅಪ್ಪ ಸಿಟ್ಟು ಮಾಡಿಕೊಂಡ ರಾತ್ರಿಗಳಲ್ಲಿ ಅಮ್ಮ ಹೇಗೆ ಹೇಳುತ್ತಿದ್ದಳೋ ಹಾಗೆ ಬಂತು ಮಾತು. ನನಗೇ ಸರಿಯಾಗಿ ಕೇಳಿಸಲಿಲ್ಲ.

"ಓಕೆ" ಅಂದರು ನಿರ್ದೇಶಕರು. ಅಷ್ಟೇ. ಚಪ್ಪಾಳೆ ಇಲ್ಲ. ನಾಟಕದಲ್ಲಾದರೆ ಕತ್ತಲಲ್ಲಿ ಕೂತವರ ಉಸಿರಿನಿಂದಲೇ ಗೊತ್ತಾಗುತ್ತದೆ, ಅಲ್ವಾ? ಇಲ್ಲಿ ಏನೂ ಗೊತ್ತಾಗಲಿಲ್ಲ. ಆ ಖಾಲಿತನ ನಿಜಕ್ಕೂ ನೋಯಿಸಿತು.

ದೃಶ್ಯ ಮುಗಿದ ಮೇಲೆ ರೂಮ್ ಟೋನ್. ಸಂಕಲನದಲ್ಲಿ ಮಾತುಗಳ ನಡುವೆ ತುಂಬಲು ಆ ಕೋಣೆಯ ಮೌನವೂ ಬೇಕು. ಒಂದು ನಿಮಿಷ ಹನ್ನೊಂದು ಜನವೂ ಇದ್ದಲ್ಲೇ ನಿಂತೆವು. ನನ್ನ ಕೈಯಲ್ಲಿ ಇನ್ನೂ ಅನ್ನದ ಸೌಟು ಇತ್ತು. ತಮ್ಮನ ಪಾತ್ರದ ಹುಡುಗ ತಟ್ಟೆಯ ಮುಂದೆ ತಲೆ ತಗ್ಗಿಸಿಯೇ ಕೂತಿದ್ದ. ಅವನ ಕಣ್ಣು ಒದ್ದೆಯಾಗಿದ್ದು ಆಗ ಕಂಡಿತು.

ರೆಕಾರ್ಡಿಸ್ಟ್ ಹೆಡ್‌ಫೋನ್ ಇಳಿಸಿ, ಫ್ರಿಜ್ ತೆರೆದು ಕೀ ತೆಗೆದುಕೊಂಡ. ಸ್ವಲ್ಪ ಹೊತ್ತಿಗೆ ಪಕ್ಕದ ಮನೆ ಕುಕ್ಕರ್ ಕೂಗಿತು.