ಟ್ಯೂರಿನ್‌ನಲ್ಲಿ ಕ್ರೆತಿನೆತ್ತಿ

ಇಟಲಿಗೆ ಹೋದವರು ರೋಮ್, ವೆನಿಸ್ ನೋಡಿಕೊಂಡು ಬರುತ್ತಾರೆ. ನಾನು ಟ್ಯೂರಿನ್‌ಗೆ ಹೋಗಲೇಬೇಕು ಅಂತ ಹಟ ಹಿಡಿದಿದ್ದು ಒಬ್ಬ ಹಾಸ್ಯನಟನಿಗಾಗಿ. ಅವನು ಮೂಕಿ ಚಿತ್ರಗಳ ಕಾಲದ ಆಂಡ್ರೆ ಡೀಡ್.

ಪೋರ್ತಾ ನುವೋವಾ ಸ್ಟೇಷನ್ನಿನಿಂದ ನಡೆದೇ ಹೊರಟೆ. ವಿಯಾ ಪೋ ರಸ್ತೆಯ ಎರಡೂ ಕಡೆ ಕಮಾನುಗಳ ಸಾಲು. ಪಕ್ಕದ ಬೀದಿಗೆ ತಿರುಗಿದರೆ ಮೋಲ್ ಆಂತೊನೆಲ್ಲಿಯಾನಾ, 167 ಮೀಟರ್ ಎತ್ತರದ ಕಟ್ಟಡ. ಯಹೂದಿಗಳ ಪ್ರಾರ್ಥನಾ ಮಂದಿರಕ್ಕೆಂದು 1863ರಲ್ಲಿ ಕಟ್ಟಲು ಶುರುಮಾಡಿದ್ದು. 2000ದಿಂದ ಇಲ್ಲಿ ರಾಷ್ಟ್ರೀಯ ಸಿನಿಮಾ ಮ್ಯೂಸಿಯಂ ಇದೆ.

ಒಳಗೆ ದೊಡ್ಡ ಹಾಲ್. ಕೆಂಪು ಒರಗು ಕುರ್ಚಿಗಳಲ್ಲಿ ಜನ ಮಲಗಿಕೊಂಡೇ ಸಿನಿಮಾ ನೋಡುತ್ತಾರೆ. 1914ರ ‘ಕಬಿರಿಯಾ’ ಚಿತ್ರದ ಮೊಲೋಖ್ ದೇವರ ದೈತ್ಯ ಮೂರ್ತಿಯೂ ಇಲ್ಲಿದೆ. ಫೋಟೊ ತೆಗೆಸಿಕೊಳ್ಳುವವರು ಅದರ ಹತ್ತಿರವೇ ಜಾಸ್ತಿ. ನನಗೆ ಅದನ್ನು ನೋಡಿ ಡೀಡ್ ನೆನಪಾದ. ‘ಕಬಿರಿಯಾ’ ಮಾಡಿದ ಜೊವಾನ್ನಿ ಪಾಸ್ತ್ರೋನೆಯೇ ಡೀಡ್‌ನನ್ನು ಪ್ಯಾರಿಸ್‌ನಿಂದ ಈ ಊರಿನ ಇತಾಲಾ ಫಿಲ್ಮ್ ಕಂಪನಿಗೆ ಕರೆಸಿಕೊಂಡವನು. 1909ರಿಂದ ಡೀಡ್ ಇಲ್ಲಿ ‘ಕ್ರೆತಿನೆತ್ತಿ’ ಅನ್ನುವ ಪೆದ್ದನಾದ. ಆ ಪುಟ್ಟ ಚಿತ್ರಗಳು ದೇಶದೇಶಗಳಿಗೆ ಹೋದವು, ಕಂಪನಿಗೆ ದುಡ್ಡು ತಂದವು. ನಗಿಸಿದವನ ದುಡಿಮೆ ಇಲ್ಲದೆ ‘ಕಬಿರಿಯಾ’ದ ಆ ವೈಭವ ಎಲ್ಲಿಂದ ಬರಬೇಕು ಹೇಳಿ?

ಅವನ ಒಂದು ಚಿತ್ರವನ್ನು ಹೋಗುವ ಮೊದಲೇ ನೋಡಿದ್ದೆ. ಕ್ರೆತಿನೆತ್ತಿ ಚೆನ್ನಾಗಿ ಸಿಂಗರಿಸಿಕೊಂಡು ಬೀದಿಗೆ ಬರುತ್ತಾನೆ. ಕಂಡ ಹೆಂಗಸರೆಲ್ಲ ಅಟ್ಟಿಸಿಕೊಂಡು ಬರುತ್ತಾರೆ. ಸಿಕ್ಕಿದವನೇ ತುಂಡುತುಂಡು! ಕೈ ಒಂದು ಕಡೆ, ಕಾಲು ಒಂದು ಕಡೆ. ಅವರು ಹೋದ ಮೇಲೆ ಆ ತುಂಡುಗಳೇ ಹರಿದಾಡಿ ಒಂದಾಗುತ್ತವೆ, ಅವನು ಎದ್ದು ನಿಲ್ಲುತ್ತಾನೆ. ಡೀಡ್ ಹಿಂದೆ ಕಣ್ಕಟ್ಟಿನ ಸಿನಿಮಾಗಳಿಗೆ ಹೆಸರಾದ ಫ್ರೆಂಚ್ ನಿರ್ದೇಶಕ ಮೆಲಿಯೆಸ್ ಜೊತೆ ಕೆಲಸ ಮಾಡಿದವನು, ಕ್ಯಾಮೆರಾದ ಕಣ್ಕಟ್ಟು ಅವನಿಗೆ ಚೆನ್ನಾಗಿ ಗೊತ್ತಿತ್ತು.

ಅವನೊಬ್ಬನೇ ಅಲ್ಲ. ಸರ್ಕಸ್ ಮನೆತನದ ಫೆರ್ದಿನಾಂದೊ ಗಿಯೋಮ್ ರೋಮ್‌ನಲ್ಲಿ ‘ತೊಂತೊಲಿನಿ’ ಅನ್ನುವ ನಗೆ ಪಾತ್ರ ಆಗಿದ್ದ, ಟ್ಯೂರಿನ್‌ಗೆ ಬಂದು ‘ಪೊಲಿದೋರ್’ ಆದ. ಅದೇ ಊರಿನ ಆಂಬ್ರೋಸಿಯೊ ಕಂಪನಿಯಲ್ಲಿ ‘ರೊಬಿನೆ’ ಅನ್ನುವ ನಗೆ ಪಾತ್ರ ಇತ್ತು. ರೋಮ್‌ನಲ್ಲಿ ಲೆಯಾ ಜುಂಕಿ ತನ್ನದೇ ಹೆಸರಿನ ಪಾತ್ರದಲ್ಲಿ ಕುಣಿದು ಕುಪ್ಪಳಿಸಿ ನಗಿಸುತ್ತಿದ್ದಳು. ಹಾಲಿವುಡ್‌ನಲ್ಲಿ ಚಾಪ್ಲಿನ್ ಕ್ಯಾಮೆರಾ ಮುಂದೆ ನಿಂತಿದ್ದು 1914ರಲ್ಲಿ. ಇವರೆಲ್ಲ ಅದಕ್ಕಿಂತ ಮೊದಲಿನವರು. ಇವರ ಹೆಸರು ಎಷ್ಟು ಜನಕ್ಕೆ ಗೊತ್ತು? ನನಗೆ ನಿಜಕ್ಕೂ ಬೇಜಾರಾಗುವುದು ಇಲ್ಲೇ. ಗಿಯೋಮ್ ಮಾತ್ರ ಮುಪ್ಪಿನಲ್ಲೂ ಇಟಲಿಯ ಹೆಸರಾಂತ ನಿರ್ದೇಶಕ ಫೆಲಿನಿಯ ಚಿತ್ರಗಳಲ್ಲಿ ಕಾಣಿಸಿಕೊಂಡ.

ನೀವು ಹೋಗುವುದಾದರೆ ಮಂಗಳವಾರ ಬೇಡ, ಮ್ಯೂಸಿಯಂಗೆ ರಜೆ. ಗೋಪುರದ ಮೇಲಕ್ಕೆ ಗಾಜಿನ ಲಿಫ್ಟ್ ಇದೆ. ಅದನ್ನು ಕೊನೆಗೆ ಇಟ್ಟುಕೊಳ್ಳಿ. ಮೊದಲು ಒಂದೆರಡು ಕ್ರೆತಿನೆತ್ತಿ ಚಿತ್ರ ನೋಡಿಕೊಂಡೇ ಹೋಗಿ.